ನಿಧಿಯ ಸರ್ಪ, ಶಾಸನದ ಶಾಪ

ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಸೀಮೆಯಲ್ಲಿ ಹಾಳುಗುಡಿ, ಮುರುಕು ಕೋಟೆ ಇದ್ದಲ್ಲಿ ಕಥೆಯೂ ಇರುತ್ತದೆ. ನೆಲದೊಳಗೆ ಏಳು ಕೊಪ್ಪರಿಗೆ ಹೊನ್ನು. ಅದಕ್ಕೆ ಸರ್ಪದ ಕಾವಲು. ಮುಟ್ಟಿದವನ ವಂಶ ನಿರ್ವಂಶ. ಇದನ್ನು ಬರಿಯ ಮೂಢನಂಬಿಕೆಯೆಂದು ತಳ್ಳಿಹಾಕುವ ಮೊದಲು ಇದರ ಹಿಂದಿನ ಚರಿತ್ರೆಯನ್ನು ನೋಡೋಣ.

ಶಾಪಕ್ಕೆ ನಮ್ಮಲ್ಲಿ ಬರಹದ ಆಧಾರವೇ ಉಂಟು. ಕುಕನೂರಿನ ಹತ್ತಿರದ ಇಟಗಿಯಲ್ಲಿ ಆರನೆಯ ವಿಕ್ರಮಾದಿತ್ಯನ ದಂಡನಾಯಕ ಮಹಾದೇವನು 1112ರಲ್ಲಿ ಕಟ್ಟಿಸಿದ ದೇವಾಲಯವನ್ನು ನೀವು ಕಂಡಿರಬಹುದು. ಆ ಕಾಲದಲ್ಲಿ ಗುಡಿಗೆ, ಕೆರೆಗೆ ಭೂಮಿ ಬಿಟ್ಟವರು ದಾನದ ವಿವರವನ್ನು ಕಲ್ಲಿನಲ್ಲಿ ಕೊರೆಸಿ, ಕೊನೆಗೆ ಶಾಪವನ್ನೂ ಬರೆಸುತ್ತಿದ್ದರು. ದತ್ತಿಯನ್ನು ಅಪಹರಿಸಿದವನು 60,000 ವರ್ಷ ಅಮೇಧ್ಯದ ಹುಳುವಾಗುವನು, ಕಾಶಿಯಲ್ಲಿ ಕವಿಲೆಯನ್ನು ಕೊಂದ ಪಾಪಕ್ಕೆ ಗುರಿಯಾಗುವನು ಎಂದು. ದಾನ ಕೊಟ್ಟ ಅರಸ ತೀರಿಕೊಂಡು, ರಾಜ್ಯವೇ ಬದಲಾದ ಮೇಲೆ ಆ ಹೊಲವನ್ನು ಕಾಯುವವರು ಯಾರು? ಓದಲಾರದವನಿಗೂ ತಿಳಿಯಲೆಂದು ಕಲ್ಲಿನ ಮೇಲೆ ಸೂರ್ಯ ಚಂದ್ರರು, ಹಸು ಕರು. ಶಾಪವೆಂಬುದು ಊರ ಸೊತ್ತಿಗೆ ಹಾಕಿದ ಬೇಲಿ. ಬೇಲಿ ಹಾರಿದವರೂ ಇದ್ದರೆನ್ನಿ. ಇಲ್ಲದಿದ್ದರೆ ಅಷ್ಟು ಕಟುವಾಗಿ ಬರೆಸುವ ಅಗತ್ಯವೇನಿತ್ತು?

ನಿಧಿಯ ಕಥೆಯಲ್ಲಿ ಇದು ತಿರುವುಮುರುವಾಯಿತು. ಸರ್ಪ ಕಾಯುತ್ತಿದೆಯೆಂದರೆ ಅಲ್ಲಿ ಹೊನ್ನಿರುವುದು ಖಾತ್ರಿ! ಶಾಪ ಕಳೆಯಲು ಬಲಿಯುಂಟು, ನಿಧಿ ತೋರಿಸಲು ಅಂಜನವುಂಟು ಎನ್ನುವವರೂ ಹುಟ್ಟಿಕೊಂಡರು. ಹೆದರಿಸಬೇಕಾದ ಕಥೆಯೇ ಆಸೆಗೆ ದಾರಿ ತೋರಿಸಿತು.

ಹಾಗಾದರೆ ವಿಜಯನಗರದ ಹೊನ್ನು ಎಲ್ಲಿ ಹೋಯಿತು? 1565ರ ಸೋಲಿನ ನಂತರ ತಿರುಮಲನು 550ಕ್ಕೂ ಹೆಚ್ಚು ಆನೆಗಳ ಮೇಲೆ ಭಂಡಾರವನ್ನು ಹೇರಿಸಿಕೊಂಡು ಪೆನುಕೊಂಡೆಯತ್ತ ಸರಿದನೆಂದು ರಾಬರ್ಟ್ ಸಿವೆಲ್ ತಮ್ಮ 1900ರ ಗ್ರಂಥದಲ್ಲಿ ಬರೆದಿದ್ದಾರೆ. ಆನೆಗಳ ಲೆಕ್ಕ ಉತ್ಪ್ರೇಕ್ಷೆಯಿರಬಹುದು. ಉಳಿದುದನ್ನು ಗೆದ್ದವರು ತಿಂಗಳುಗಟ್ಟಲೆ ಸೂರೆಮಾಡಿದರು.

ಆದರೂ ಅಗೆಯುವವರು ನಿಂತಿಲ್ಲ. ಗಂಗಾವತಿ ತಾಲ್ಲೂಕಿನ ಆನೆಗೊಂದಿಯ ಬಳಿ, ತುಂಗಭದ್ರೆಯ ನಡುಗಡ್ಡೆ ನವಬೃಂದಾವನದಲ್ಲಿ, 1539ರಲ್ಲಿ ತೀರಿಕೊಂಡ ವ್ಯಾಸರಾಯರ ಬೃಂದಾವನವಿದೆ. ಕೃಷ್ಣದೇವರಾಯನಿಗೆ ಒದಗಿದ ಕುಹಯೋಗವನ್ನು ತಪ್ಪಿಸಲು ತಾವೇ ಸಿಂಹಾಸನವೇರಿ, ಗಂಡಾಂತರ ಕಳೆದೊಡನೆ ರಾಜ್ಯವನ್ನು ಹಿಂದಿರುಗಿಸಿದರೆಂಬ ಐತಿಹ್ಯವುಳ್ಳ ಯತಿಗಳು ಇವರು. ಸಿಂಹಾಸನವನ್ನೇ ಬಿಟ್ಟುಕೊಟ್ಟ ಸನ್ಯಾಸಿಯ ಸಮಾಧಿಯನ್ನು 2019ರ ಜುಲೈ ತಿಂಗಳ ಒಂದು ರಾತ್ರಿ ನಿಧಿಗಳ್ಳರು ಒಡೆದು ಹಾಕಿದರು. ಕೆಲವೇ ದಿನಗಳಲ್ಲಿ ಪೊಲೀಸರು ಅವರನ್ನು ಹಿಡಿದರು. ಅಷ್ಟರೊಳಗೆ ಮಠದವರೂ ಭಕ್ತರೂ ಕೂಡಿ, ಚದುರಿಬಿದ್ದ ಕಲ್ಲುಗಳನ್ನು ಒಂದೊಂದಾಗಿ ಜೋಡಿಸಿ ಬೃಂದಾವನವನ್ನು ಮತ್ತೆ ನಿಲ್ಲಿಸಿದ್ದರು.