ಗೋಲಿನ ಆಚೆಗಿನ ಬದುಕು: ಕಾರ್ಲ್‌ಟನ್ ಚಾಪ್‌ಮನ್ ಅವರ ವಲಸೆ, ಆಟ ಮತ್ತು ಗುರುತನ

ವೀರನೊಬ್ಬನ ಬದುಕನ್ನು ಸಮುದಾಯವು ಯಾವ ಘಟ್ಟದವರೆಗೆ ನೆನಪಿಟ್ಟುಕೊಳ್ಳುತ್ತದೆ ಎಂಬುದು ಜಾನಪದ ಅಧ್ಯಯನದ ಮುಖ್ಯ ಪ್ರಶ್ನೆಗಳಲ್ಲಿ ಒಂದು. ಭೀಮಸಮುದ್ರ, ಹೊಳಲ್ಕೆರೆ, ಹಿರಿಯೂರುಗಳನ್ನು ಒಳಗೊಂಡ ಚಿತ್ರದುರ್ಗ ಸೀಮೆಯಲ್ಲಿ ಈ ಪ್ರಶ್ನೆಗೆ ಎರಡು ಬಗೆಯ ಉತ್ತರಗಳಿವೆ. ಮೊದಲನೆಯದು ವೀರಗಲ್ಲು. ಅದರ ಕೆಳಗಿನ ಪಟ್ಟಿಕೆಯಲ್ಲಿ ಕಾದಾಟ, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ಕೈಲಾಸ. ಎರಡನೆಯದು ಜುಂಜಪ್ಪನಂತಹ ಪಶುಪಾಲಕ ವೀರರ ಕಾವ್ಯ. ಇಲ್ಲಿ ಹುಟ್ಟಿನಿಂದ ಹಿಡಿದು ಹಿಂಡಿನೊಡನೆ ಅಲೆದ ದಾರಿ, ತಂಗಿದ ನೆಲೆ, ಬಂಧುಗಳ ವೈರ ಎಲ್ಲವೂ ಬರುತ್ತವೆ. ಕಲ್ಲು ಒಂದು ಗಳಿಗೆಯನ್ನು ಹಿಡಿದಿಡುತ್ತದೆ. ಕಾವ್ಯ ಒಂದು ಪಯಣವನ್ನು ಹಿಡಿದಿಡುತ್ತದೆ. ಆಧುನಿಕ ಕ್ರೀಡಾಪಟುಗಳ ಚರಿತ್ರೆಯನ್ನು ನಾವು ಬಹುಮಟ್ಟಿಗೆ ವೀರಗಲ್ಲಿನ ಮಾದರಿಯಲ್ಲಿ ಬರೆದುಕೊಂಡು ಬಂದಿದ್ದೇವೆ. ಇದರಿಂದ ಆಗಿರುವ ನಷ್ಟವೇನು ಎಂಬುದನ್ನು ಬೆಂಗಳೂರಿನ ಫುಟ್‌ಬಾಲ್ ಆಟಗಾರ ಹಾಗೂ ತರಬೇತುದಾರ ಕಾರ್ಲ್‌ಟನ್ ಚಾಪ್‌ಮನ್ (1971-2020) ಅವರ ವೃತ್ತಿಜೀವನದ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಇಲ್ಲಿ ವಲಸೆ ಎಂಬ ಮಾತನ್ನು ದೇಶದ ಗಡಿ ದಾಟಿದ ಅರ್ಥದಲ್ಲಿ ಬಳಸಿಲ್ಲ. ಹೊಟ್ಟೆಪಾಡಿಗಾಗಿ ಭಾಷೆ ಮತ್ತು ಪ್ರಾಂತ್ಯಗಳ ಗಡಿ ದಾಟಿದ ಅರ್ಥದಲ್ಲಿ ಬಳಸಲಾಗಿದೆ.

ಬೆಂಗಳೂರಿನ ಫುಟ್‌ಬಾಲ್ ದಂಡು ಪ್ರದೇಶದ ಕೂಸು. ಬ್ರಿಟಿಷ್ ಸೈನಿಕರ ಆಟವಾಗಿ ಬಂದ ಇದು ಹಲಸೂರು, ಗೌತಮಪುರ, ಆಸ್ಟಿನ್ ಟೌನ್ ಮೊದಲಾದ ಬಡಾವಣೆಗಳ ತಮಿಳು, ಮುಸ್ಲಿಂ ಮತ್ತು ಆಂಗ್ಲೋ ಇಂಡಿಯನ್ ಸಮುದಾಯಗಳ ದುಡಿಯುವ ಜನರಲ್ಲಿ ಬೇರೂರಿತು. 1948ರ ಲಂಡನ್ ಒಲಿಂಪಿಕ್ಸ್‌ನಲ್ಲಿ ಫ್ರಾನ್ಸ್ ವಿರುದ್ಧ ಭಾರತದ ಏಕೈಕ ಗೋಲನ್ನು ಹೊಡೆದ ಎಸ್. ರಾಮನ್ ಬೆಂಗಳೂರಿನವರು. ಅದೇ ತಂಡದಲ್ಲಿದ್ದ ಬೆಂಗಳೂರಿನ ಅಹಮದ್ ಖಾನ್ ಮರುವರ್ಷವೇ ಕಲ್ಕತ್ತೆಯ ಈಸ್ಟ್ ಬೆಂಗಾಲ್ ಕ್ಲಬ್ಬನ್ನು ಸೇರಿದರು. ಆ ಕ್ಲಬ್ಬಿನ ಐವರು ಮುಂಚೂಣಿ ಆಟಗಾರರಾದ ಅಹಮದ್ ಖಾನ್, ಧನರಾಜ್, ವೆಂಕಟೇಶ್, ಅಪ್ಪಾರಾವ್ ಮತ್ತು ಸಾಲೇ ಎಲ್ಲರೂ ದಕ್ಷಿಣ ಭಾರತದವರು. ಬಂಗಾಳದ ಜನ ಇವರನ್ನು ‘ಪಂಚಪಾಂಡವರು’ ಎಂದು ಕರೆದರು. ಪೂರ್ವ ಬಂಗಾಳದಿಂದ ಬಂದ ವಲಸಿಗರ ಅಭಿಮಾನದ ಸಂಕೇತವಾಗಿದ್ದ ಕ್ಲಬ್ಬೊಂದು ದೂರದ ದಕ್ಷಿಣದ ವಲಸಿಗರಿಗೆ ಮಹಾಭಾರತದ ಹೆಸರನ್ನು ಕೊಟ್ಟು ತನ್ನವರನ್ನಾಗಿಸಿಕೊಂಡಿತು. ಜನಪದ ಮನಸ್ಸು ಪರಕೀಯನನ್ನು ಒಳಗು ಮಾಡಿಕೊಳ್ಳುವ ಕ್ರಮಕ್ಕೆ ಇದೊಂದು ಉತ್ತಮ ನಿದರ್ಶನ. ಅಹಮದ್ ಖಾನ್ 2017ರಲ್ಲಿ ತೀರಿಕೊಂಡದ್ದೂ ಕೋಲ್ಕತ್ತದಲ್ಲಿಯೇ.

ಚಾಪ್‌ಮನ್ ನಡೆದದ್ದು ಈ ಹಳೆಯ ದಾರಿಯಲ್ಲಿ. ಅವರು 1971ರ ಏಪ್ರಿಲ್ 13ರಂದು ಬೆಂಗಳೂರಿನಲ್ಲಿ ಜನಿಸಿದರು. ಅವರ ಯೌವನದ ಕಾಲಕ್ಕೆ ಬೆಂಗಳೂರಿನಲ್ಲಿ ಐ.ಟಿ.ಐ., ಎಚ್.ಎ.ಎಲ್. ಮೊದಲಾದ ಸಾರ್ವಜನಿಕ ಉದ್ಯಮಗಳ ಒಳ್ಳೆಯ ತಂಡಗಳಿದ್ದವು. ಆದರೆ ಅವು ನೌಕರಿಯ ಜೊತೆಗೆ ಆಟ ಎಂಬ ವ್ಯವಸ್ಥೆಗೆ ಸೇರಿದವು. ಆಟವನ್ನೇ ವೃತ್ತಿಯಾಗಿ ಉಳ್ಳ ಕ್ಲಬ್ಬು ಊರಿನಲ್ಲಿರಲಿಲ್ಲ, ಬೆಂಗಳೂರು ಎಫ್.ಸಿ. ಸ್ಥಾಪನೆಯಾದದ್ದು 2013ರಲ್ಲಿ. ಹೀಗಾಗಿ ಪ್ರತಿಭೆಯುಳ್ಳ ಹುಡುಗನಿಗೆ ಊರು ಬಿಡುವುದು ಆಯ್ಕೆಗಿಂತ ಹೆಚ್ಚಾಗಿ ಅನಿವಾರ್ಯವಾಗಿತ್ತು. ಅವರು 1990ರ ಹೊತ್ತಿಗೆ ಜಮ್ಶೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯನ್ನು ಸೇರಿ, ಅಲ್ಲಿನ ಶಿಕ್ಷಣ ಮುಗಿಸಿ 1993ರಲ್ಲಿ ಈಸ್ಟ್ ಬೆಂಗಾಲ್‌ಗೆ ಬಂದರು. ಅದೇ ಋತುವಿನ ಏಷ್ಯನ್ ಕಪ್ ವಿನ್ನರ್ಸ್ ಕಪ್ ಪಂದ್ಯದಲ್ಲಿ ಇರಾಕಿನ ಅಲ್ ಜವ್ರಾ ತಂಡವನ್ನು ಈಸ್ಟ್ ಬೆಂಗಾಲ್ 6-2 ಗೋಲುಗಳಿಂದ ಸೋಲಿಸಿತು. ಆರರಲ್ಲಿ ಮೂರು ಗೋಲುಗಳು ಚಾಪ್‌ಮನ್ ಅವರವು. ಮಧ್ಯಾಂಗಣದ ಆಟಗಾರನೊಬ್ಬನ ಈ ಹ್ಯಾಟ್ರಿಕ್ ಕೋಲ್ಕತ್ತದ ಅಭಿಮಾನಿಗಳ ನೆನಪಿನಲ್ಲಿ ಭದ್ರವಾಗಿ ನಿಂತಿತು.

1995ರಲ್ಲಿ ಅವರು ಪಂಜಾಬಿನ ಫಗ್ವಾಡದ ಜೆ.ಸಿ.ಟಿ. ತಂಡಕ್ಕೆ ಹೋದರು. ಬಟ್ಟೆಯ ಗಿರಣಿಯೊಂದು ಸಾಕಿದ ಈ ತಂಡದಲ್ಲಿ ಕೇರಳದ ಐ.ಎಂ. ವಿಜಯನ್ ಮತ್ತು ಸಿಕ್ಕಿಮಿನ ಬೈಚುಂಗ್ ಭುಟಿಯಾ ಅವರ ಜೊತೆಗಾರರಾದರು. ಮೂರು ದಿಕ್ಕುಗಳಿಂದ ಬಂದ ವಲಸಿಗರು ಕೂಡಿದ್ದ ಆ ತಂಡ 1996-97ರಲ್ಲಿ ನಡೆದ ಮೊಟ್ಟಮೊದಲ ರಾಷ್ಟ್ರೀಯ ಫುಟ್‌ಬಾಲ್ ಲೀಗನ್ನು ಗೆದ್ದುಕೊಂಡಿತು. ಬಳಿಕ ಒಂದು ಋತು ಕೇರಳದ ಎಫ್.ಸಿ. ಕೊಚ್ಚಿನ್ ಪರವಾಗಿ ಆಡಿ, 1998ರಲ್ಲಿ ಈಸ್ಟ್ ಬೆಂಗಾಲ್‌ಗೆ ಮರಳಿದರು. ಅವರ ನಾಯಕತ್ವದಲ್ಲಿ ಈಸ್ಟ್ ಬೆಂಗಾಲ್ 2000-01ರಲ್ಲಿ ತನ್ನ ಮೊದಲ ರಾಷ್ಟ್ರೀಯ ಲೀಗ್ ಪ್ರಶಸ್ತಿಯನ್ನು ಪಡೆಯಿತು. ಭಾರತ ತಂಡದ ನಾಯಕತ್ವವನ್ನೂ ವಹಿಸಿದ್ದ ಅವರು 2001ರಲ್ಲಿ ವೃತ್ತಿಪರ ಆಟದಿಂದ ನಿವೃತ್ತರಾದರು.

ವೀರಗಲ್ಲಿನ ಮಾದರಿಯ ಚರಿತ್ರೆ ಇಲ್ಲಿಗೆ ಮುಗಿಯುತ್ತದೆ. ಆದರೆ ಆಗ ಚಾಪ್‌ಮನ್ ಅವರಿಗೆ ಮೂವತ್ತು ವರ್ಷ. ವೃತ್ತಿಪರ ಆಟಗಾರರಾಗಿ ಕಳೆದದ್ದು ಸುಮಾರು ಎಂಟು ವರ್ಷಗಳಾದರೆ, ಅದರ ಎರಡು ಪಟ್ಟಿಗೂ ಮಿಕ್ಕ ಆಯುಷ್ಯ ಇನ್ನೂ ಮುಂದಿತ್ತು. ಅವರು 2002ರಲ್ಲಿ ತಾವು ಕಲಿತಿದ್ದ ಟಾಟಾ ಅಕಾಡೆಮಿಯಲ್ಲಿಯೇ ತರಬೇತುದಾರರಾದರು. ಮುಂದೆ ಷಿಲ್ಲಾಂಗಿನ ರಾಯಲ್ ವಾಹಿಂಗ್ಡೋ, ಕೋಲ್ಕತ್ತದ ಭವಾನಿಪುರ, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವ ತಂಡಗಳಿಗೆ ತರಬೇತಿ ನೀಡಿ, ಕೋಳಿಕೋಡಿನ ಕ್ವಾರ್ಟ್ಸ್ ಕ್ಲಬ್ಬಿನ ತಾಂತ್ರಿಕ ನಿರ್ದೇಶಕರಾದರು. ಆಟಗಾರನಾಗಿ ಆರಂಭವಾದ ವಲಸೆ ಗುರುವಾದ ಮೇಲೂ ನಿಲ್ಲಲಿಲ್ಲ. ಅದರ ವಿಸ್ತಾರ ಮತ್ತಷ್ಟು ಹೆಚ್ಚಿತು ಎಂಬುದು ಗಮನಾರ್ಹ. 2020ರ ಅಕ್ಟೋಬರ್ 12ರಂದು ಬೆಂಗಳೂರಿನಲ್ಲಿ ಹೃದಯಾಘಾತದಿಂದ ಅವರು ನಿಧನರಾದಾಗ ಅವರ ವಯಸ್ಸು ನಲವತ್ತೊಂಬತ್ತು.

ಈ ಎರಡನೆಯ ಘಟ್ಟ ಚರಿತ್ರೆಯಿಂದ ಜಾರಿಹೋಗಲು ಮುಖ್ಯವಾಗಿ ಎರಡು ಕಾರಣಗಳಿವೆ. ಮೊದಲನೆಯದು, ಆಟಗಾರನ ಸಾಧನೆ ಗೋಲಿನ ಲೆಕ್ಕದಲ್ಲಿ ದಾಖಲಾಗುತ್ತದೆ. ತರಬೇತುದಾರನ ಸಾಧನೆಯಾದರೋ ಬೇರೆಯವರ ಕಾಲುಗಳಲ್ಲಿ ಹಂಚಿಹೋಗಿರುತ್ತದೆ. ಎರಡನೆಯದು, ಅಂತಹ ದಾಖಲೆಗಳನ್ನು ಇರಿಸಿಕೊಳ್ಳಬೇಕಾದ ಸಂಸ್ಥೆಗಳೇ ಅಲ್ಪಾಯುಷಿಗಳು. ಜೆ.ಸಿ.ಟಿ. ತನ್ನ ತಂಡವನ್ನು 2011ರಲ್ಲಿ ವಿಸರ್ಜಿಸಿತು. ಎಫ್.ಸಿ. ಕೊಚ್ಚಿನ್ ಕೆಲವೇ ವರ್ಷಗಳಲ್ಲಿ ಮುಚ್ಚಿಹೋಯಿತು. ರಾಯಲ್ ವಾಹಿಂಗ್ಡೋ 2014-15ರ ಐ-ಲೀಗ್‌ನಲ್ಲಿ ಮೂರನೆಯ ಸ್ಥಾನ ಪಡೆದ ಬೆನ್ನಿಗೇ ಆ ಲೀಗಿನಿಂದ ಹೊರಬಂದಿತು. 1996ರಲ್ಲಿ ಆರಂಭವಾದ ರಾಷ್ಟ್ರೀಯ ಲೀಗ್ ಕೂಡ 2007ರಲ್ಲಿ ಐ-ಲೀಗ್‌ಗೆ ಎಡೆಮಾಡಿಕೊಟ್ಟಿತು. ದುಡಿದ ಮನೆಗಳೇ ಒಂದೊಂದಾಗಿ ಬಾಗಿಲು ಹಾಕಿಕೊಂಡಾಗ ದುಡಿದವನ ಲೆಕ್ಕವನ್ನು ಇಡುವವರು ಯಾರು? ಊರು ಬಿಟ್ಟ ಆಟಗಾರನನ್ನು ಹುಟ್ಟಿದ ನಾಡು ಅನ್ಯ ಪ್ರಾಂತ್ಯದವನೆಂದು ಬಗೆಯುತ್ತದೆ. ಹೋದ ನಾಡು ಅವನನ್ನು ಗೋಲಿನ ಮಟ್ಟಿಗಷ್ಟೇ ತನ್ನವನೆನ್ನುತ್ತದೆ.

ಇದಕ್ಕೆ ಪರ್ಯಾಯವಾದ ಸ್ಮರಣೆಯ ಕ್ರಮವೊಂದು ನಮ್ಮ ಗರಡಿಮನೆಗಳಲ್ಲಿ ಇದೆ. ಕುಸ್ತಿಯ ಪೈಲ್ವಾನನನ್ನು ಗುರುತಿಸುವಾಗ ಅವನು ಗೆದ್ದ ಬೆಳ್ಳಿಗದೆಯ ಜೊತೆಗೆ ಯಾವ ಗರಡಿಯವನು, ಯಾವ ಉಸ್ತಾದರ ಶಿಷ್ಯ ಎಂಬುದನ್ನೂ ಕೇಳುವ ವಾಡಿಕೆಯಿದೆ. ಪಟ್ಟಿನ ಹಿಂದೆ ಪಟ್ಟು ಕಲಿಸಿದವನ ಹೆಸರು ಬರುತ್ತದೆ. ಬರಹವಿಲ್ಲದೆಯೂ ಈ ಗುರುಪರಂಪರೆ ತಲೆಮಾರುಗಳನ್ನು ದಾಟಿದೆ. ಫುಟ್‌ಬಾಲಿನಲ್ಲಿಯೂ ಇದು ಸಾಧ್ಯ. ಚಾಪ್‌ಮನ್ ಅವರ ಗುರುತನದ ಆಕರಗಳು ಜಮ್ಶೆಡ್‌ಪುರ, ಷಿಲ್ಲಾಂಗ್, ಕೋಲ್ಕತ್ತ, ದೆಹಲಿ ಮತ್ತು ಕೋಳಿಕೋಡುಗಳಲ್ಲಿ ಅವರ ಕೈಯಲ್ಲಿ ಕಲಿತ ಶಿಷ್ಯರೇ ಆಗಿದ್ದಾರೆ. ಚೆಂಡನ್ನು ತಡೆದು ನಿಲ್ಲಿಸುವ ಬಗೆ, ಸೋತ ದಿನ ಗುರು ಆಡಿದ ಮಾತು, ಭಾಷೆ ಬಾರದ ಊರಿನಲ್ಲಿ ಪಾಠ ಹೇಳಿದ ರೀತಿ ಇವೆಲ್ಲ ಮೌಖಿಕ ಚರಿತ್ರೆಯ ಸಾಮಗ್ರಿ. ಜಾನಪದ ಕಾವ್ಯವನ್ನು ಹಲವು ಹಾಡುಗಾರರಿಂದ ಸಂಗ್ರಹಿಸಿ ಕೂಡಿಸುವ ಕ್ಷೇತ್ರಕಾರ್ಯದ ವಿಧಾನ ಇಲ್ಲಿಯೂ ಯಥಾವತ್ತಾಗಿ ಅನ್ವಯಿಸುತ್ತದೆ.

2022-23ರ ಸಂತೋಷ್ ಟ್ರೋಫಿಯ ಅಂತಿಮ ಪಂದ್ಯದಲ್ಲಿ ಕರ್ನಾಟಕವು ರಿಯಾದ್ ನಗರದಲ್ಲಿ ಮೇಘಾಲಯವನ್ನು 3-2ರಿಂದ ಮಣಿಸಿ, 1968-69ರ ಬಳಿಕ ಮೊದಲ ಬಾರಿಗೆ ಪ್ರಶಸ್ತಿ ಗಳಿಸಿತು. ನಡುವಿನ ಐದು ದಶಕಗಳನ್ನು ರಾಜ್ಯದ ಫುಟ್‌ಬಾಲಿನ ಬರಗಾಲವೆಂದು ಬರೆದುಬಿಡುವುದು ಸುಲಭ. ಆದರೆ ಆ ಕಾಲದಲ್ಲಿ ಬೆಂಗಳೂರಿನ ಮಗನೊಬ್ಬ ಫಗ್ವಾಡದಲ್ಲಿ ಗೆದ್ದಿದ್ದಾನೆ, ಕೋಲ್ಕತ್ತದಲ್ಲಿ ನಾಯಕನಾಗಿದ್ದಾನೆ, ಷಿಲ್ಲಾಂಗಿನಲ್ಲಿ ಗುರುವಾಗಿದ್ದಾನೆ. ಹಿಂಡಿನೊಡನೆ ಗಡಿ ದಾಟಿದವನನ್ನು ತನ್ನವನೆಂದೇ ಹಾಡುವ ಪರಂಪರೆಯುಳ್ಳ ನಾಡು, ಚೆಂಡಿನೊಡನೆ ಗಡಿ ದಾಟಿದವರ ಕಥನವನ್ನು ಅವರ ಶಿಷ್ಯರ ಬಾಯಿಂದ ಕೇಳಿ ಬರೆದಿಡುವ ಕೆಲಸವನ್ನು ಇನ್ನು ತಡಮಾಡದೆ ಕೈಗೊಳ್ಳಬೇಕಾಗಿದೆ.