ಧಾರವಾಡದ ಹೆಸರು ಹೊತ್ತ ಕಣಜ

ಚನ್ನಗಿರಿ, ಹೊನ್ನಾಳಿ ಕಡೆ ಬಸ್ಸಲ್ಲಿ ಹೋಗ್ತಾ ನೀಲಗಿರಿ ತೋಪು ನೋಡಿರ್ತೀರಲ್ವಾ? ಮರ ಆಸ್ಟ್ರೇಲಿಯಾದ್ದು. ಅದರ ವೈರಿಯೂ ಅಲ್ಲಿಂದ್ಲೇ ಬಂತು, 2001ರಲ್ಲಿ ಮಂಡ್ಯದಲ್ಲಿ ಕಾಣಿಸ್ತು: ಲೆಪ್ಟೊಸೈಬ್ ಇನ್ವೇಸಾ. ಒಂದೂಕಾಲು ಮಿಲಿಮೀಟರಿನ ಕಣಜದ ಹುಳ, ಕಂದು ಮೈಗೆ ನೀಲಿ-ಹಸಿರು ಲೋಹದ ಹೊಳಪು. ಎಳೆ ಚಿಗುರು, ಎಲೆಯ ನಡುನರದೊಳಗೆ ಮೊಟ್ಟೆ ಇಡುತ್ತೆ; ಅಲ್ಲಿ ಗಂಟು ಏಳುತ್ತೆ, ಸಸಿ ಮುರುಟುತ್ತೆ. ಬಿಕಾಂ ಲೆಕ್ಕದಲ್ಲಿ ಬಂಡವಾಳ ರೈತನದು, ಲಾಭ ಹುಳದ್ದು! ಗಂಟಿನೊಳಗಿನ ಮರಿಗೆ ಔಷಧಿ ತಾಗೋದೂ ಕಷ್ಟ.

ಆದ್ರೆ ಅದೇ ಗಂಟಿನೊಳಕ್ಕೆ ಇನ್ನೊಂದು ಪರಾವಲಂಬಿ ಕಣಜ ಮೊಟ್ಟೆ ಇಡ್ತಿತ್ತು. ಅದರ ಮರಿಗೆ ಈ ಮರಿಯೇ ಊಟ. 2010ರಲ್ಲಿ ನರೇಂದ್ರನ್ ಮತ್ತು ವಸ್ತ್ರದ ಅದಕ್ಕೆ ಮೆಗಾಸ್ಟಿಗ್ಮಸ್ ಧಾರವಾಡಿಕಸ್ ಅಂತ ಹೆಸರಿಟ್ರು. ಹೌದು, ನಮ್ಮ ಧಾರವಾಡಾನೇ.

ನ್ಯಾಮತಿ, ಜಗಳೂರಿನವ್ರೇ, ಗಂಟಿರೋ ಎಲೆ ಸಿಕ್ಕಿದ್ರೆ ಸೂಜಿಮೊನೆಯಷ್ಟು ತೂತು ಹುಡುಕಿ. ಹೊರಗೆ ಬಂದಿದ್ದು ವೈರಿನೋ ನೆಂಟನೋ, ತೂತು ಮಾತ್ರ ಹೇಳಲ್ಲ.