ಯಾವ ದಿನದ ಬೆಲೆ? ಯಾರು ಬರೆಸಿದ ಬೆಲೆ?

ಮೊನ್ನೆ ಊರಿಗೆ ಹೋದಾಗ ಅಜ್ಜನ ಟ್ರಂಕಿನಲ್ಲಿ ಒಂದು ಹಳೆಯ ನೋಟೀಸು ಸಿಕ್ಕಿತು. ಎಪ್ಪತ್ತರ ದಶಕದಲ್ಲಿ ರಸ್ತೆಗೆಂದು ನಮ್ಮ ತೆಂಗಿನ ತೋಟದ ಹದಿನೆಂಟು ಗುಂಟೆ ಹೋದಾಗ ಬಂದದ್ದು. ಪರಿಹಾರ ಗೊತ್ತುಮಾಡಲು ಅಧಿಕಾರಿಗಳು ಆಧಾರವಾಗಿ ಹಿಡಿದದ್ದು ಪಕ್ಕದ ಜಮೀನಿನ ಕ್ರಯಪತ್ರವನ್ನು. ಆ ಜಮೀನು ನಿಜವಾಗಿ ಎಷ್ಟಕ್ಕೆ ಹೋಗಿತ್ತು ಅಂತ ಊರಿಗೆಲ್ಲ ಗೊತ್ತಿತ್ತು. ಪತ್ರದಲ್ಲಿ ಮಾತ್ರ ಅದರ ಅರ್ಧ ಬರೆಸಿದ್ದರು, ಸ್ಟಾಂಪ್ ಖರ್ಚು ಉಳಿಯಲಿ ಅಂತ. "ಅವನು ಸ್ಟಾಂಪ್ ದುಡ್ಡು ಉಳಿಸಿದ, ನನ್ನ ತೋಟ ಹೋಯ್ತು" ಅಂತ ಅಜ್ಜ ಕೊನೆವರೆಗೂ ಗೊಣಗುತ್ತಿದ್ದರು. ತಾವೂ ಹಿಂದೊಮ್ಮೆ ಜಮೀನು ಕೊಂಡಾಗ ಹಾಗೇ ಬರೆಸಿದ್ದನ್ನು ಮಾತ್ರ ಹೇಳುತ್ತಿರಲಿಲ್ಲ!

ಸರ್ಕಾರ ಜಮೀನು ತೆಗೆದುಕೊಂಡರೆ ನ್ಯಾಯವಾದ ಬೆಲೆ ಎಷ್ಟು? ಈ ಜಗಳಕ್ಕೆ ಇನ್ನೂರು ವರ್ಷದ ಇತಿಹಾಸವಿದೆ. ಕಂಪನಿ ಸರ್ಕಾರ 1824ರಲ್ಲೇ ಬಂಗಾಳದಲ್ಲಿ ಇದಕ್ಕೊಂದು ನಿಯಮ ಮಾಡಿತ್ತು. 1857ರ ಕಾಯ್ದೆಯಲ್ಲಿ ಬೆಲೆ ಒಪ್ಪಿಗೆಯಾಗದಿದ್ದರೆ ಮಧ್ಯಸ್ಥರು ತೀರ್ಮಾನಿಸುತ್ತಿದ್ದರು. 1870ರಲ್ಲಿ ಅದು ಕೋರ್ಟಿಗೆ ಹೋಯಿತು. ಆಮೇಲೆ ಬಂದದ್ದೇ ಪ್ರಸಿದ್ಧ 1894ರ ಭೂಸ್ವಾಧೀನ ಕಾಯ್ದೆ. ಅದು ನೂರಾ ಇಪ್ಪತ್ತು ವರ್ಷ ಹತ್ತಿರ ಬಾಳಿತು.

ಆ ಕಾಯ್ದೆಯ ಲೆಕ್ಕ ಹೀಗಿತ್ತು: ಮಾರುಕಟ್ಟೆ ಬೆಲೆ, ಅದರ ಮೇಲೆ ನೂರಕ್ಕೆ ಹದಿನೈದು. ಈ ಹದಿನೈದಕ್ಕೆ ಸೊಲೇಷಿಯಂ ಅಂತ ಹೆಸರು, ಬಲವಂತವಾಗಿ ಕಿತ್ತುಕೊಂಡದ್ದಕ್ಕೆ ಸಮಾಧಾನದ ಹಣ. ತಮಾಷೆ ಎಂದರೆ, ಒಡೆಯನಿಗೆ ಬಿಟ್ಟುಕೊಡಲು ಎಷ್ಟೇ ಮನಸ್ಸಿಲ್ಲದಿದ್ದರೂ ಅದನ್ನು ಬೆಲೆಯಲ್ಲಿ ಸೇರಿಸಬಾರದು ಅಂತ ಅದೇ ಕಾಯ್ದೆಯ 24ನೇ ಕಲಮು ಹೇಳುತ್ತಿತ್ತು.

ಆದರೆ ಮಾರುಕಟ್ಟೆ ಬೆಲೆ ಎಂದರೇನು? ಇದಕ್ಕೆ ಉತ್ತರ ಕೊಟ್ಟದ್ದು ವಿಶಾಖಪಟ್ಟಣದ ಒಂದು ನೀರಿನ ಬುಗ್ಗೆ. ಅಲ್ಲಿ ಬಂದರು ಕಟ್ಟುವಾಗ ಮಲೇರಿಯಾ ತಡೆಯುವ ಕೆಲಸಕ್ಕೆಂದು ಜಮೀನ್ದಾರ ವೈರಿಚೆರ್ಲ ನಾರಾಯಣ ಗಜಪತಿರಾಜು ಅವರ ಭೂಮಿಯನ್ನು ಸರ್ಕಾರ ತೆಗೆದುಕೊಂಡಿತು. ಅದರಲ್ಲಿ ಒಳ್ಳೆಯ ಕುಡಿಯುವ ನೀರಿನ ಬುಗ್ಗೆ ಇತ್ತು. ಆ ನೀರು ಬೇಕಾದದ್ದು ಬಂದರಿನವರಿಗೆ ಮಾತ್ರ, ಬೇರೆ ಗಿರಾಕಿಯೇ ಇಲ್ಲ, ಹಾಗಾಗಿ ಅದಕ್ಕೆ ಬೇರೆ ಬೆಲೆ ಇಲ್ಲ ಅನ್ನುವುದು ಸರ್ಕಾರದ ವಾದ. 1939ರಲ್ಲಿ ಪ್ರಿವಿ ಕೌನ್ಸಿಲ್ ಇದನ್ನು ಒಪ್ಪಲಿಲ್ಲ. ಕೊಳ್ಳುವವನು ಒಬ್ಬನೇ ಆದರೂ, ಮನಸ್ಸಿದ್ದು ಕೊಳ್ಳುವವನು ಮನಸ್ಸಿದ್ದು ಮಾರುವವನಿಗೆ ಎಷ್ಟು ಕೊಡುತ್ತಿದ್ದನೋ ಅಷ್ಟು ಕೊಡಬೇಕು, ಭೂಮಿಯ ಮುಂದಿನ ಸಾಧ್ಯತೆಗೂ ಬೆಲೆ ಇದೆ ಎಂದಿತು. ಇವತ್ತಿಗೂ ವಕೀಲರು ಇದನ್ನು ಎತ್ತಿ ಹೇಳುತ್ತಾರೆ.

ಎರಡನೇ ಪ್ರಶ್ನೆ, ಯಾವ ದಿನದ ಬೆಲೆ? 1923ರ ತಿದ್ದುಪಡಿ ಮೊದಲ ಪ್ರಕಟಣೆಯ ದಿನಕ್ಕೆ ಗೂಟ ಹೊಡೆಯಿತು. ಪ್ರಕಟಣೆ ಹೊರಡಿಸಿ ವರ್ಷಗಟ್ಟಲೆ ಸುಮ್ಮನಿದ್ದರೆ ಸರ್ಕಾರಕ್ಕೇ ಲಾಭ! ಸ್ವಾತಂತ್ರ್ಯ ಬಂದ ಮೇಲೆ ಪಶ್ಚಿಮ ಬಂಗಾಳ ಸರ್ಕಾರ ನಿರಾಶ್ರಿತರಿಗೆ ಮನೆ ಕಟ್ಟಲು ಭೂಮಿ ತೆಗೆದುಕೊಳ್ಳುವಾಗ 31 ಡಿಸೆಂಬರ್ 1946ರ ಬೆಲೆಗಿಂತ ಹೆಚ್ಚು ಕೊಡುವುದಿಲ್ಲ ಎಂದು ಕಾನೂನು ಮಾಡಿತು. 1953ರಲ್ಲಿ ಬೇಲಾ ಬ್ಯಾನರ್ಜಿ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ಆ ಮಿತಿಯನ್ನು ತಳ್ಳಿಹಾಕಿತು. ಪರಿಹಾರ ಎಂದರೆ ಕಳೆದುಕೊಂಡದ್ದಕ್ಕೆ ಸಮನಾದದ್ದು ಎಂದಿತು. ಎರಡೇ ವರ್ಷದಲ್ಲಿ, 1955ರಲ್ಲಿ, ಸಂವಿಧಾನಕ್ಕೇ ತಿದ್ದುಪಡಿ ಬಂತು. ಪರಿಹಾರ ಸಾಲದು ಅನ್ನುವ ಕಾರಣಕ್ಕೆ ಇಂಥ ಕಾನೂನನ್ನು ಕೋರ್ಟಿನಲ್ಲಿ ಪ್ರಶ್ನಿಸುವಂತಿಲ್ಲ! 1978ರ ತಿದ್ದುಪಡಿಯಲ್ಲಿ ಆಸ್ತಿಯ ಹಕ್ಕು ಮೂಲಭೂತ ಹಕ್ಕುಗಳ ಪಟ್ಟಿಯಿಂದಲೇ ಹೊರಟುಹೋಯಿತು.

1984ರಲ್ಲಿ ಸ್ವಲ್ಪ ನೆಮ್ಮದಿ. ಸೊಲೇಷಿಯಂ ಶೇ. 30 ಆಯಿತು, ಕಾಯಿಸಿದ್ದಕ್ಕೆ ವರ್ಷಕ್ಕೆ ಶೇ. 12 ಸೇರಿತು. ಪಕ್ಕದವನು ಕೋರ್ಟಿಗೆ ಹೋಗಿ ಹೆಚ್ಚು ಪಡೆದರೆ, ಹೋಗದೆ ಇದ್ದ ಬಡ ರೈತನೂ ಮೂರು ತಿಂಗಳೊಳಗೆ ಅರ್ಜಿ ಹಾಕಿ ಅಷ್ಟೇ ಕೇಳಬಹುದು ಎಂಬ ಒಳ್ಳೆಯ ಕಲಮೂ ಬಂತು. ನಮ್ಮ ಅಜ್ಜನಿಗೆ ಇದು ಯಾವುದೂ ಸಿಗಲಿಲ್ಲ.

ಹಳೆಯ ಕಾಯ್ದೆಯ ಜಾಗಕ್ಕೆ 2013ರ ಕಾಯ್ದೆ ಬಂದು 1 ಜನವರಿ 2014ರಿಂದ ಜಾರಿಯಾಯಿತು. ಹಳ್ಳಿಯ ಜಮೀನಾದರೆ ಬೆಲೆಯನ್ನು ಒಂದರಿಂದ ಎರಡರವರೆಗಿನ ಅಂಕಿಯಿಂದ ಗುಣಿಸಬೇಕು, ಅದರ ಮೇಲೆ ಶೇ. 100 ಸೊಲೇಷಿಯಂ. ಅಂದರೆ ಹೆಚ್ಚೆಂದರೆ ನಾಲ್ಕು ಪಟ್ಟು. ಕೇಳಲು ಚೆಂದ. ಆದರೆ ಯಾವುದರ ನಾಲ್ಕು ಪಟ್ಟು? ನಿಜವಾದ ಬೆಲೆ ಹತ್ತು ಲಕ್ಷ ಇದ್ದರೆ ನಲವತ್ತು ಲಕ್ಷ. ಸುತ್ತಮುತ್ತಲ ಪತ್ರಗಳಲ್ಲಿ ನಾಲ್ಕು ಲಕ್ಷ ಅಂತ ಬರೆಸಿ, ಮಾರ್ಗಸೂಚಿ ದರವೂ ಅಷ್ಟರಲ್ಲೇ ಇದ್ದರೆ ಹದಿನಾರೇ ಲಕ್ಷ.

ಕಾನೂನಿಗೂ ಈ ಗುಟ್ಟು ಗೊತ್ತಿರುವ ಹಾಗಿದೆ. ಹಿಂದಿನ ಮೂರು ವರ್ಷದ ಕ್ರಯಪತ್ರಗಳಲ್ಲಿ ಹೆಚ್ಚು ಬೆಲೆಯ ಅರ್ಧದಷ್ಟನ್ನು ಮಾತ್ರ ಆರಿಸಿ ಸರಾಸರಿ ತೆಗೆಯಬೇಕು, ಆ ಸರಾಸರಿ ಮತ್ತು ಮಾರ್ಗಸೂಚಿ ದರಗಳಲ್ಲಿ ಯಾವುದು ಹೆಚ್ಚೋ ಅದನ್ನು ಹಿಡಿಯಬೇಕು ಎನ್ನುತ್ತದೆ. ಆದರೂ ಇಡೀ ಊರೇ ಸುಳ್ಳು ಬರೆಸಿದ್ದರೆ ಯಾವ ಅರ್ಧ ತೆಗೆದುಕೊಂಡರೇನು?

ಸರ್ಕಾರದ ಜಿಪುಣತನದ ವಿರುದ್ಧ ಇನ್ನೂರು ವರ್ಷ ಹೋರಾಡಿ ಜನ ಇಷ್ಟು ಗೆದ್ದಿದ್ದಾರೆ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನಾವೇ ಸಹಿ ಹಾಕಿದ ಸುಳ್ಳಿನ ವಿರುದ್ಧ ಹೋರಾಡುವವರು ಯಾರು? ಅಜ್ಜನ ನೋಟೀಸನ್ನು ಮಡಿಸಿ ಮತ್ತೆ ಟ್ರಂಕಿನಲ್ಲೇ ಇಟ್ಟೆ. ಅದರ ಕೆಳಗೇ ಅವರು ಜಮೀನು ಕೊಂಡ ಕ್ರಯಪತ್ರವೂ ಇತ್ತು.